ಕ್ಷೌರದಂಗಡಿಯಲ್ಲಿ ನಿರಾಕರಣೆ, ಕಾಲೋನಿಗೆ ವಾರಕ್ಕೊಮ್ಮೆ ನೀರು: ಯಾರ ಮೇಲೆ, ಯಾವ ಕಾಯ್ದೆಯಡಿ ದೂರು ಕೊಡಬೇಕು?

ಬಯಲುಸೀಮೆ ಓದುಗ (ಪ್ರಶ್ನೆ)

ನಮಸ್ಕಾರ. ಒಂದೇ ಹಳ್ಳಿಯ ಎರಡು ಸಮಸ್ಯೆಗಳ ಬಗ್ಗೆ ಕಾನೂನು ತಿಳಿದವರ ಸಲಹೆ ಬೇಕು.

ಮೊದಲನೆಯದು: ಊರಿನಲ್ಲಿರುವ ಎರಡೂ ಕ್ಷೌರದಂಗಡಿಗಳಲ್ಲಿ ಪರಿಶಿಷ್ಟ ಜಾತಿಯವರಿಗೆ ಕಟಿಂಗ್ ಮಾಡುವುದಿಲ್ಲ. ಕೇಳಿದರೆ "ನಿಮಗೆ ಮಾಡಿದರೆ ಊರವರು ನಮ್ಮ ಅಂಗಡಿಗೆ ಬರೋದಿಲ್ಲ, ಊರಲ್ಲಿ ಹಂಗೆ ತೀರ್ಮಾನ ಆಗೈತಿ" ಅನ್ನುತ್ತಾರೆ. ಹುಡುಗರು ಬಸ್ ಹತ್ತಿ ತಾಲ್ಲೂಕು ಕೇಂದ್ರಕ್ಕೆ ಹೋಗಿ ಬರಬೇಕು. ಬಸ್ ನಿಲ್ದಾಣದ ಹೋಟೆಲಿನಲ್ಲಿ ಇವರಿಗೆ ಮಾತ್ರ ಪ್ಲಾಸ್ಟಿಕ್ ಲೋಟ, ಉಳಿದವರಿಗೆ ಸ್ಟೀಲ್ ಲೋಟ.

ಎರಡನೆಯದು ಪಂಚಾಯಿತಿಯದು. ಊರಿನ ಕಡೆಗೆ ದಿನ ಬಿಟ್ಟು ದಿನ ನೀರು ಬಿಡುತ್ತಾರೆ, ಪರಿಶಿಷ್ಟ ಜಾತಿಯವರ ಕಾಲೋನಿಗೆ ವಾರಕ್ಕೊಮ್ಮೆ. ಪಿಡಿಒ ಅವರ ಉತ್ತರ: "ಇದರಲ್ಲಿ ಜಾತಿ ಎಲ್ಲಿ ಬಂತು? ಕಾಲೋನಿ ಪೈಪ್‌ಲೈನಿನ ಕೊನೆಯಲ್ಲಿದೆ, ಪ್ರೆಶರ್ ಬರಲ್ಲ."

ಠಾಣೆಗೆ ಹೋದವರನ್ನು "ಕೇಸ್ ಯಾಕೆ, ಶಾಂತಿ ಸಭೆ ಮಾಡೋಣ" ಎಂದು ವಾಪಸ್ ಕಳಿಸಿದ್ದಾರೆ.

ಎರಡನ್ನೂ ಒಂದೇ ಅರ್ಜಿಯಲ್ಲಿ ಬರೆಯಬಹುದೇ? ಜಾತಿ ಹೆಸರು ಹಿಡಿದು ಯಾರೂ ಬೈದಿಲ್ಲ. ಹಾಗಿದ್ದೂ ಅಟ್ರಾಸಿಟಿ ಕಾಯ್ದೆ ಅನ್ವಯಿಸುತ್ತದೆಯೇ? ನೀರಿನ ವಿಷಯದಲ್ಲಿ "ಉದ್ದೇಶ ಇಲ್ಲ" ಎಂದು ಅವರು ಹೇಳಿದರೆ ನಾವು ಏನು ತೋರಿಸಬೇಕು?

---

ಕಟಕಟೆ

ಎರಡನ್ನೂ ಒಂದೇ ಅರ್ಜಿಯಲ್ಲಿ ಬರೆಯಬೇಡಿ. ಕ್ಷೌರದಂಗಡಿ ಮತ್ತು ಹೋಟೆಲಿನದು ಗುರುತಿಸಬಹುದಾದ ವ್ಯಕ್ತಿಗಳು ಮಾಡಿದ ಅಪರಾಧ, ಅದಕ್ಕೆ ಠಾಣೆ ಮತ್ತು ಎಫ್‌ಐಆರ್. ನೀರಿನದು ಒಂದು ಸಂಸ್ಥೆ ನಡೆದುಕೊಳ್ಳುವ ರೀತಿ. ಅಲ್ಲಿ ದಾಖಲೆ ಬೇರೆ, ಬಾಗಿಲು ಬೇರೆ, ಸಾಬೀತು ಮಾಡಬೇಕಾದ ಅಂಶವೂ ಬೇರೆ. ಎರಡನ್ನೂ ಬೆರೆಸಿದ ಅರ್ಜಿಯನ್ನು ಠಾಣೆಯವರು ಪಂಚಾಯಿತಿಗೆ ರವಾನಿಸಿ ಕೈತೊಳೆದುಕೊಳ್ಳುವುದು ಸುಲಭ. ನಾನು ಮೊದಲನೆಯದಕ್ಕೆ ಉತ್ತರಿಸುತ್ತೇನೆ.

ಜಾತಿ ಹಿಡಿದು ಬೈದಿದ್ದರೆ ಮಾತ್ರ ಅಟ್ರಾಸಿಟಿ ಕೇಸ್ ಎಂಬ ನಂಬಿಕೆ ಊರೂರಲ್ಲಿದೆ, ಠಾಣೆಗಳಲ್ಲೂ ಇದೆ. ಅದು ತಪ್ಪು. ಬೈಗುಳ, ಅವಮಾನಕ್ಕೆ ಇರುವುದು 1989ರ ಪರಿಶಿಷ್ಟ ಜಾತಿ, ಪಂಗಡಗಳ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ (ಅಟ್ರಾಸಿಟಿ ಕಾಯ್ದೆ) ಕಲಂ 3(1)(ಆರ್) ಮತ್ತು (ಎಸ್). ಈ ಎರಡಕ್ಕೆ ಮಾತ್ರ "ಸಾರ್ವಜನಿಕರ ಕಣ್ಣಿಗೆ ಬೀಳುವ ಸ್ಥಳದಲ್ಲಿ" ನಡೆದಿರಬೇಕು ಎಂಬ ಷರತ್ತು ಇದೆ. ನಿಮ್ಮ ಪ್ರಕರಣಕ್ಕೆ ಬೇಕಾದದ್ದು 2015ರ ತಿದ್ದುಪಡಿಯಲ್ಲಿ ಸೇರಿ, 2016ರ ಜನವರಿ 26ರಿಂದ ಜಾರಿಯಲ್ಲಿರುವ ಕಲಂ 3(1)(ಝಡ್‌ಎ). ಅದರ (ಡಿ) ಉಪವಿಭಾಗದಲ್ಲಿ ಅಂಗಡಿ, ಆಸ್ಪತ್ರೆ, ಶಾಲೆ, ಮನರಂಜನಾ ಸ್ಥಳ ಇತ್ಯಾದಿಗಳಿಗೆ ಪ್ರವೇಶ ತಡೆಯುವುದು ಮತ್ತು ಸಾರ್ವಜನಿಕ ಬಳಕೆಯ ಪಾತ್ರೆ, ವಸ್ತುಗಳನ್ನು ಬಳಸದಂತೆ ತಡೆಯುವುದು ಎರಡೂ ಅಪರಾಧ. ಕ್ಷೌರದಂಗಡಿಯೂ ಬಂತು, ಸ್ಟೀಲ್ ಲೋಟವೂ ಬಂತು. ಶಿಕ್ಷೆ 6 ತಿಂಗಳಿಂದ 5 ವರ್ಷ ಮತ್ತು ದಂಡ. ಒಂದೇ ಒಂದು ಬೈಗುಳ ಇಲ್ಲದಿದ್ದರೂ ಈ ಕಲಂ ನಿಲ್ಲುತ್ತದೆ.

ಇದರ ಜೊತೆಗೆ 1955ರ ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆಯನ್ನೂ ಎಫ್‌ಐಆರ್‌ನಲ್ಲಿ ಸೇರಿಸಲು ಒತ್ತಾಯಿಸಿ. ಹಳೆಯ ಕಾಯ್ದೆ, ಶಿಕ್ಷೆ ಬರೀ 1ರಿಂದ 6 ತಿಂಗಳು ಎಂದು ಅನೇಕರು ಬಿಟ್ಟುಬಿಡುತ್ತಾರೆ. ಆದರೆ ಅದರಲ್ಲಿ ನಿಮಗೆ ಬಹಳ ಉಪಯೋಗಕ್ಕೆ ಬರುವ ಅಂಶಗಳಿವೆ.

"ಅಂಗಡಿ" ಎಂಬುದರ ವ್ಯಾಖ್ಯೆಯಲ್ಲೇ ಕ್ಷೌರದಂಗಡಿ, ಲಾಂಡ್ರಿ, ತಳ್ಳುಗಾಡಿ ಎಲ್ಲವೂ ಸೇರಿವೆ. "ನಮ್ಮದು ಸೇವೆ, ಅಂಗಡಿ ಅಲ್ಲ" ಎಂಬ ವಾದಕ್ಕೆ ಜಾಗವೇ ಇಲ್ಲ. ಕಲಂ 6 ಸರಕು ಮಾರಲು, ಸೇವೆ ಕೊಡಲು ನಿರಾಕರಿಸುವುದನ್ನು ನೇರವಾಗಿ ಅಪರಾಧವಾಗಿಸುತ್ತದೆ. ಇನ್ನು ಕಲಂ 12: ಕೃತ್ಯ ನಡೆದದ್ದು ಪರಿಶಿಷ್ಟ ಜಾತಿಯವರ ವಿಷಯದಲ್ಲಾದರೆ, ಅಸ್ಪೃಶ್ಯತೆಯ ಕಾರಣಕ್ಕೇ ನಡೆಯಿತು ಎಂದು ನ್ಯಾಯಾಲಯ ಭಾವಿಸಬೇಕು. ಅಲ್ಲ ಎಂದು ತೋರಿಸುವ ಹೊಣೆ ಆರೋಪಿಯದು. ಮೇಲಾಗಿ ದೌರ್ಜನ್ಯ ತಡೆ ಕಾಯ್ದೆ ಅನ್ವಯವಾಗಬೇಕಾದರೆ ಆರೋಪಿ ಪರಿಶಿಷ್ಟ ಜಾತಿ ಅಥವಾ ಪಂಗಡಕ್ಕೆ ಸೇರಿದವನಾಗಿರಬಾರದು. 1955ರ ಕಾಯ್ದೆಗೆ ಅಂಥ ಷರತ್ತಿಲ್ಲ, ಯಾರು ಮಾಡಿದರೂ ಅಪರಾಧವೇ.

ಒಂದು ಎಚ್ಚರಿಕೆ. 1955ರ ಕಾಯ್ದೆಯಲ್ಲಿ ಇಂಥ ಅಪರಾಧಕ್ಕೆ ಗರಿಷ್ಠ ಶಿಕ್ಷೆ 6 ತಿಂಗಳಾದ್ದರಿಂದ, ಘಟನೆ ನಡೆದ 1 ವರ್ಷದೊಳಗೆ ಎಫ್‌ಐಆರ್ ದಾಖಲಾಗಬೇಕು ಅಥವಾ ನ್ಯಾಯಾಲಯಕ್ಕೆ ದೂರು ಸಲ್ಲಿಕೆಯಾಗಬೇಕು. 5 ವರ್ಷದ ಶಿಕ್ಷೆಯಿರುವ ದೌರ್ಜನ್ಯ ತಡೆ ಕಾಯ್ದೆಗೆ ಈ ಕಾಲಮಿತಿ ಇಲ್ಲ. "ಬಹಳ ವರ್ಷದಿಂದ ಹೀಗೇ ನಡೆದಿದೆ" ಎಂದಷ್ಟೇ ಬರೆದ ದೂರು ಎರಡೂ ಕಾಯ್ದೆಯಡಿ ಸೋಲುತ್ತದೆ. ದಿನಾಂಕ ಇರುವ ಒಂದು ಘಟನೆ ಬೇಕು.

ದೂರನ್ನು ಹೀಗೆ ಬರೆಯಿರಿ:

"ದಿನಾಂಕ ___ ರಂದು ಬೆಳಿಗ್ಗೆ ಸುಮಾರು ___ ಗಂಟೆಗೆ ___ ಗ್ರಾಮದ ___ ಎಂಬುವರ ಕ್ಷೌರದಂಗಡಿಗೆ ನಾನು ___ ಜೊತೆ ಹೋದೆನು. ನಾನು ___ ಜಾತಿಗೆ (ಪರಿಶಿಷ್ಟ ಜಾತಿ) ಸೇರಿದವನೆಂದು ಅವರಿಗೆ ಮೊದಲಿನಿಂದಲೂ ಗೊತ್ತು. ಆ ಸಮಯದಲ್ಲಿ ಅಂಗಡಿಯಲ್ಲಿ ___ ಎಂಬುವರಿಗೆ ಕ್ಷೌರ ನಡೆಯುತ್ತಿತ್ತು. ನಾನು ಹಣ ಕೊಡುತ್ತೇನೆ, ಕಟಿಂಗ್ ಮಾಡಿ ಎಂದು ಕೇಳಿದೆನು. ಅವರು '___' ಎಂದು ಹೇಳಿ ನಿರಾಕರಿಸಿದರು. ಹೀಗೆ ಮಾಡುವಂತೆ ___ ಮತ್ತು ___ ಎಂಬುವರು ಹೇಳಿದ್ದಾರೆಂದು ತಿಳಿಸಿದರು. ಇದನ್ನು ಕಂಡು ಕೇಳಿದವರು: ___."

ಆರೋಪಿಗೆ ಜಾತಿ ಗೊತ್ತಿತ್ತು ಎಂಬ ವಾಕ್ಯವನ್ನು ಬಿಡಬೇಡಿ. ದೌರ್ಜನ್ಯ ತಡೆ ಕಾಯ್ದೆಯ ಕಲಂ 8(ಸಿ) ಪ್ರಕಾರ, ಸಂತ್ರಸ್ತರ ಅಥವಾ ಅವರ ಮನೆಯವರ ವೈಯಕ್ತಿಕ ಪರಿಚಯ ಆರೋಪಿಗೆ ಇದ್ದರೆ ಜಾತಿ ತಿಳಿದಿತ್ತೆಂದೇ ನ್ಯಾಯಾಲಯ ಭಾವಿಸುತ್ತದೆ. ಆದರೆ ಪರಿಚಯ ಇತ್ತೆಂಬುದು ದೂರಿನಲ್ಲೇ ಇರಬೇಕು. ಇತರರಿಗೆ ಅದೇ ಹೊತ್ತಿನಲ್ಲಿ ಸೇವೆ ಸಿಗುತ್ತಿತ್ತು ಎಂಬುದೂ ಮುಖ್ಯ. ಅದಿಲ್ಲದಿದ್ದರೆ "ಅಂಗಡಿ ಮುಚ್ಚುವ ಹೊತ್ತಾಗಿತ್ತು" ಎಂಬ ಉತ್ತರ ಸಿದ್ಧವಾಗಿರುತ್ತದೆ. ಜಾತಿ ಪ್ರಮಾಣಪತ್ರದ ಪ್ರತಿ ಲಗತ್ತಿಸಿ. ಇಲ್ಲದಿದ್ದರೆ ಇವತ್ತೇ ನಾಡಕಚೇರಿಯಲ್ಲಿ ಅರ್ಜಿ ಹಾಕಿ, ಆದರೆ ಅದಕ್ಕಾಗಿ ದೂರು ಕೊಡುವುದನ್ನು ಮುಂದೂಡಬೇಡಿ.

ಬೈದೇ ಇಲ್ಲದಿದ್ದರೆ ಬೈದರು ಎಂದು ಸೇರಿಸಬೇಡಿ. "ಕೇಸ್ ಗಟ್ಟಿಯಾಗಲಿ" ಎಂದು ಯಾರೋ ಬರೆಸುವ ಆ ಒಂದು ಸಾಲು ಪಾಟೀಸವಾಲಿನಲ್ಲಿ ಕುಸಿಯುತ್ತದೆ, ಜೊತೆಗೆ ನಿಜವಾದ ನಿರಾಕರಣೆಯ ಸಾಕ್ಷ್ಯವನ್ನೂ ಕೆಡವುತ್ತದೆ. ನಾಲ್ಕು ಗೋಡೆಯೊಳಗೆ, ಹೊರಗಿನವರಿಲ್ಲದ ಕಡೆ ಆಡಿದ ಮಾತು (ಆರ್) ಕಲಂಗೆ ಬರುವುದಿಲ್ಲ ಎಂದು 2020ರ ಹಿತೇಶ್ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆ ತೀರ್ಪನ್ನು ಎದುರಿಗಿನ ವಕೀಲರು ಮೊದಲ ದಿನವೇ ಹಿಡಿದು ಬರುತ್ತಾರೆ. ನಿಮ್ಮ ದೂರು (ಝಡ್‌ಎ) ಮೇಲೆ ನಿಂತಿದ್ದರೆ ಅವರಿಗೆ ಅದು ಉಪಯೋಗಕ್ಕೆ ಬರುವುದಿಲ್ಲ.

---

ಠಾಣೆ ಮೆಟ್ಟಿಲು

ಕಟಕಟೆಯವರು ದೂರಿನ ಬಗ್ಗೆ ಹೇಳಿದ್ದಾರೆ. ಠಾಣೆಯಲ್ಲಿ ಅದನ್ನು ತೆಗೆದುಕೊಳ್ಳದಿದ್ದರೆ ಏನು ಮಾಡಬೇಕು ಎಂಬುದನ್ನು ನಾನು ಬರೆಯುತ್ತೇನೆ. ಹೆಚ್ಚಿನ ಪ್ರಕರಣಗಳು ಸಾಯುವುದು ಅಲ್ಲೇ.

"ಮೊದಲು ವಿಚಾರಣೆ ಮಾಡ್ತೀವಿ, ಆಮೇಲೆ ಎಫ್‌ಐಆರ್" ಎಂದರೆ ದೌರ್ಜನ್ಯ ತಡೆ ಕಾಯ್ದೆಯ ಕಲಂ 18ಎ ತೋರಿಸಿ. 2018ರ ಮಾರ್ಚ್‌ನಲ್ಲಿ ಸುಭಾಷ್ ಕಾಶಿನಾಥ ಮಹಾಜನ್ ತೀರ್ಪಿನಲ್ಲಿ ಪ್ರಾಥಮಿಕ ವಿಚಾರಣೆಯ ಷರತ್ತು ಬಂದಿತ್ತು. ಅದೇ ವರ್ಷ ಸಂಸತ್ತು 18ಎ ಸೇರಿಸಿ ಅದನ್ನು ತೆಗೆದುಹಾಕಿತು, 2020ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಈಗ ಹೊಸ ನೆಪವೊಂದು ಬಂದಿದೆ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 173(3)ರಲ್ಲಿ 3ರಿಂದ 7 ವರ್ಷದೊಳಗಿನ ಶಿಕ್ಷೆಯ ಅಪರಾಧಗಳಿಗೆ 14 ದಿನದ ಪ್ರಾಥಮಿಕ ವಿಚಾರಣೆಗೆ ಅವಕಾಶವಿದೆ ಎನ್ನುತ್ತಾರೆ. ಅದು ಸಾಮಾನ್ಯ ಕಾನೂನು. ದೌರ್ಜನ್ಯ ತಡೆ ಕಾಯ್ದೆ ವಿಶೇಷ ಕಾನೂನು, ಅದರ ಕಲಂ 20ರಂತೆ ಇತರ ಕಾನೂನುಗಳ ಮೇಲೆ ಅದಕ್ಕೇ ಮೇಲುಗೈ. ಅರ್ಜಿಯಲ್ಲೇ ಕಲಂ 18ಎ ಮತ್ತು 20 ಎರಡನ್ನೂ ನಮೂದಿಸಿದರೆ ಠಾಣಾಧಿಕಾರಿ ಆ ಮಾತು ಎತ್ತುವುದು ಕಡಿಮೆ.

ಶಾಂತಿ ಸಭೆ ಬೇಡ ಎನ್ನಬೇಡಿ. "ಸಭೆಗೆ ಬರುತ್ತೇವೆ, ಎಫ್‌ಐಆರ್ ಪ್ರತಿ ಕೊಟ್ಟ ಮೇಲೆ" ಎನ್ನಿ. ಸಭೆಯ ನಡಾವಳಿಯನ್ನು ಬರೆಸಿ, ಸಹಿ ಹಾಕಿಸಿ ಪ್ರತಿ ಪಡೆಯಿರಿ. ಅದರಲ್ಲಿ "ಇನ್ನು ಮುಂದೆ ಎಲ್ಲರಿಗೂ ಕ್ಷೌರ ಮಾಡುತ್ತೇವೆ" ಎಂದು ಬರೆದುಕೊಟ್ಟರೆ, ಇದುವರೆಗೆ ಮಾಡುತ್ತಿರಲಿಲ್ಲ ಎಂಬುದಕ್ಕೆ ಅದೇ ಸಾಕ್ಷ್ಯ.

ದೂರು ಪಡೆಯಲು ನಿರಾಕರಿಸಿದರೆ ಅದೇ ದಿನ ಸ್ಪೀಡ್ ಪೋಸ್ಟ್‌ನಲ್ಲಿ ಜಿಲ್ಲಾ ಎಸ್‌ಪಿಗೆ ಕಳಿಸಿ. ದೌರ್ಜನ್ಯ ತಡೆ ಕಾಯ್ದೆಯಡಿಯ 1995ರ ನಿಯಮಗಳ 5ನೇ ನಿಯಮ ಇದಕ್ಕೇ ಇರುವುದು. ಅಂಚೆ ರಶೀದಿ ಜೋಪಾನ. ಪ್ರತಿಯನ್ನು ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯದ (ಡಿಸಿಆರ್‌ಇ) ನಿಮ್ಮ ಜಿಲ್ಲೆಯ ಘಟಕಕ್ಕೂ ಕೊಡಿ. ರಾಷ್ಟ್ರೀಯ ಸಹಾಯವಾಣಿ 14566ಕ್ಕೆ ಕರೆ ಮಾಡಿದರೆ ದೂರಿಗೊಂದು ಸಂಖ್ಯೆ ಸಿಗುತ್ತದೆ. ಕ್ರಮವೇ ಆಗಿಬಿಡುತ್ತದೆ ಎಂದಲ್ಲ. ಯಾವ ದಿನ ಯಾರಿಗೆ ತಿಳಿಸಿದ್ದೀರಿ ಎಂಬುದು ದಾಖಲಾಗುತ್ತದೆ. ಅದೂ ಆಗದಿದ್ದರೆ ಅಫಿಡವಿಟ್‌ನೊಂದಿಗೆ ನೇರವಾಗಿ ವಿಶೇಷ ನ್ಯಾಯಾಲಯ. ಈ ಕಾಯ್ದೆಯಡಿಯ ಅಪರಾಧವನ್ನು ನೇರವಾಗಿ ಪರಿಗಣಿಸುವ ಅಧಿಕಾರ ಅದಕ್ಕಿದೆ.

ಈಗ ನೀವು ಕೇಳದ ಒಂದು ಮುಖ್ಯ ವಿಷಯ. ಠಾಣೆಯವರು ವಾಪಸ್ ಕಳಿಸಿದ್ದೇ ಒಂದು ಪ್ರತ್ಯೇಕ ಅಪರಾಧವಾಗಬಹುದು. ದೌರ್ಜನ್ಯ ತಡೆ ಕಾಯ್ದೆಯ ಕಲಂ 4ರಲ್ಲಿ ಸರ್ಕಾರಿ ನೌಕರರ ಕರ್ತವ್ಯಗಳನ್ನು ಪಟ್ಟಿ ಮಾಡಿದ್ದಾರೆ: ಬಾಯಿಮಾತಿನ ದೂರನ್ನು ಬರೆದುಕೊಂಡು, ಸಹಿಗೆ ಮುಂಚೆ ಓದಿ ಹೇಳಬೇಕು, ಸರಿಯಾದ ಕಲಂಗಳಡಿ ಎಫ್‌ಐಆರ್ ದಾಖಲಿಸಬೇಕು, ಪ್ರತಿಯನ್ನು ಕೂಡಲೇ ಕೊಡಬೇಕು, 60 ದಿನದೊಳಗೆ ಚಾರ್ಜ್‌ಶೀಟ್ ಹಾಕಬೇಕು, ತಡವಾದರೆ ಕಾರಣ ಬರೆಯಬೇಕು. ಪರಿಶಿಷ್ಟರಲ್ಲದ ನೌಕರರು ಇದನ್ನು ಬೇಕೆಂದೇ ಕಡೆಗಣಿಸಿದರೆ 6 ತಿಂಗಳಿಂದ 1 ವರ್ಷ ಶಿಕ್ಷೆ. ಆದರೆ ಇಲಾಖಾ ವಿಚಾರಣೆಯ ಶಿಫಾರಸು ಬೇಕೆಂಬ ಷರತ್ತಿದೆ, ಬಹಳಷ್ಟು ದೂರುಗಳು ಅಲ್ಲೇ ನಿಲ್ಲುತ್ತವೆ. ಆದ್ದರಿಂದ ಎಸ್‌ಪಿಗೆ ಬರೆಯುವ ಪತ್ರದಲ್ಲಿ "ಎಫ್‌ಐಆರ್ ಮಾಡಿಸಿ" ಎಂಬುದರ ಜೊತೆಗೆ "ಕಲಂ 4ರಡಿ ಇಲಾಖಾ ವಿಚಾರಣೆ ನಡೆಸಿ" ಎಂದೂ ಪ್ರತ್ಯೇಕ ಕೋರಿಕೆ ಇರಲಿ.

ತನಿಖೆ ಮಾಡುವವರು ಡಿವೈಎಸ್‌ಪಿ ದರ್ಜೆಗಿಂತ ಕೆಳಗಿನವರಾಗಿರಬಾರದು (ನಿಯಮ 7). ಸಬ್‌ಇನ್‌ಸ್ಪೆಕ್ಟರ್ ಮಹಜರು ಮಾಡಿ ಹೇಳಿಕೆ ಪಡೆದು ಹೋದರೆ ಆಗಲೇ ಲಿಖಿತ ಆಕ್ಷೇಪಣೆ ಸಲ್ಲಿಸಿ. ವಿಚಾರಣೆಯ ಕೊನೆಯಲ್ಲಿ ಆರೋಪಿಗಳ ಪರ ಈ ದೋಷವನ್ನೇ ಎತ್ತುತ್ತಾರೆ.

---

ಜಮಾಬಂದಿ

ನೀರಿನ ವಿಷಯಕ್ಕೆ ಬರುತ್ತೇನೆ. ಇದೇ ಹೆಚ್ಚು ಕಷ್ಟದ್ದು, ಇದನ್ನೇ ಎಲ್ಲರೂ ಅರ್ಧಕ್ಕೆ ಬಿಡುವುದು.

ಪಿಡಿಒ "ಜಾತಿ ಎಲ್ಲಿ ಬಂತು" ಎಂದಾಗ ಅವರ ಮನಸ್ಸಿನೊಳಗೆ ಏನಿದೆ ಎಂದು ವಾದಿಸಲು ಹೋಗಬೇಡಿ. ಅಲ್ಲಿ ಗೆಲ್ಲಲಾಗದು. ಕ್ರಿಮಿನಲ್ ಕೇಸಿಗೆ ಉದ್ದೇಶ ತೋರಿಸಬೇಕು. ಸಂವಿಧಾನದ 14 ಮತ್ತು 15(1)ನೇ ವಿಧಿಗಳಡಿ ಸರ್ಕಾರಿ ಸಂಸ್ಥೆಯನ್ನು ಪ್ರಶ್ನಿಸುವಾಗ ಪರಿಣಾಮ ತೋರಿಸಿದರೂ ಸಾಕಾಗಬಹುದು. 2021ರ ಮಾರ್ಚ್ 25ರಂದು ಲೆಫ್ಟಿನೆಂಟ್ ಕರ್ನಲ್ ನಿತಿಶಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿತು. ಸೇನೆಯಲ್ಲಿ ಮಹಿಳಾ ಅಧಿಕಾರಿಗಳ ಕಾಯಂ ನೇಮಕಕ್ಕೆ ಹಾಕಿದ್ದ ಮಾನದಂಡಗಳು ಮೇಲ್ನೋಟಕ್ಕೆ ಎಲ್ಲರಿಗೂ ಒಂದೇ. ಆದರೆ ಮಹಿಳೆಯರಿಗೆ ವರ್ಷಗಳ ಕಾಲ ಅವಕಾಶವೇ ಇರಲಿಲ್ಲವಾದ್ದರಿಂದ ಅದೇ ಮಾನದಂಡ ಅವರನ್ನು ಹೊರಗಿಡುತ್ತಿತ್ತು. ಕೋರ್ಟ್ ಕೇಳಿಕೊಂಡ ಪ್ರಶ್ನೆ ಎರಡು: ಈ ಪದ್ಧತಿಯ ಹೊರೆ ಒಂದು ಗುಂಪಿನ ಮೇಲೆ ಹೆಚ್ಚಾಗಿ ಬೀಳುತ್ತಿದೆಯೇ? ಆ ಗುಂಪು ಮೊದಲೇ ಅನುಭವಿಸುತ್ತಿರುವ ಅನನುಕೂಲವನ್ನು ಅದು ಮುಂದುವರಿಸುತ್ತಿದೆಯೇ? ಕಾಲೋನಿ ಪೈಪ್‌ಲೈನಿನ ಕೊನೆಯಲ್ಲಿರುವುದಕ್ಕೆ ಕಾರಣ ಅದನ್ನು ಊರ ಹೊರಗೆ ಇಟ್ಟದ್ದು. ಪೈಪು ಆ ಹಳೆಯ ಗೆರೆಯನ್ನೇ ಹಿಡಿದು ಹೋಗಿದೆ.

ಸಂಸ್ಥೆಯ ಕಡತದಲ್ಲೇ ತಾರತಮ್ಯ ಕೂತಿರುವುದಕ್ಕೆ ಇನ್ನೊಂದು ನಿದರ್ಶನ ಜೈಲು ಕೈಪಿಡಿಗಳು. ಅಡುಗೆಗೆ ಒಂದು ಜಾತಿ, ಕಸಗುಡಿಸಲು ಇನ್ನೊಂದು ಜಾತಿ ಎಂಬ ನಿಯಮಗಳು ಹಲವು ರಾಜ್ಯಗಳಲ್ಲಿ ಲಿಖಿತವಾಗಿಯೇ ಇದ್ದವು. 2024ರ ಅಕ್ಟೋಬರ್ 3ರಂದು ಸುಕನ್ಯಾ ಶಾಂತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅವನ್ನು ರದ್ದುಪಡಿಸಿ, ಕೈದಿಗಳ ನೋಂದಣಿ ಪುಸ್ತಕದಿಂದ ಜಾತಿಯ ಕಾಲಂ ತೆಗೆಯಲು ಹೇಳಿತು. ಪಾಲಿಸುತ್ತಿದ್ದ ಜೈಲರ್ ಒಳ್ಳೆಯವನೋ ಕೆಟ್ಟವನೋ ಎಂಬ ಪ್ರಶ್ನೆಯೇ ಅಲ್ಲಿ ಏಳಲಿಲ್ಲ.

ಈಗ ಕೆಲಸಕ್ಕೆ ಬರೋಣ. ಬೇಕಾದದ್ದು ಅಳತೆ.

ಒಂದು ತಿಂಗಳು, ಊರಿನ ಕಡೆ ಮೂರು ಮನೆ, ಕಾಲೋನಿಯಲ್ಲಿ ಮೂರು ಮನೆ ಆರಿಸಿಕೊಳ್ಳಿ. ಎರಡೂ ಕಡೆ ಒಂದು ಟ್ಯಾಂಕಿಗೆ ಹತ್ತಿರದ ಮನೆ, ಒಂದು ನಡುವಿನದು, ಒಂದು ಕೊನೆಯದು. ಪ್ರತಿ ಮನೆಯಲ್ಲೂ ನೀರು ಬಂದ ದಿನ, ಶುರುವಾದ ಸಮಯ, ನಿಂತ ಸಮಯ ಬರೆಯಬೇಕು. ಜೊತೆಗೆ 20 ಲೀಟರ್ ಬಕೆಟ್ ತುಂಬಲು ಎಷ್ಟು ಸೆಕೆಂಡ್ ಹಿಡಿಯಿತು ಎಂದು ಫೋನಿನ ಸ್ಟಾಪ್‌ವಾಚ್‌ನಲ್ಲಿ ನೋಡಿ. 100 ಸೆಕೆಂಡ್ ಹಿಡಿದರೆ ನಿಮಿಷಕ್ಕೆ 12 ಲೀಟರ್. ಅದನ್ನು ನೀರು ಬಂದ ನಿಮಿಷಗಳಿಂದ ಗುಣಿಸಿ, ಮನೆಮಂದಿಯಿಂದಲೂ ದಿನಗಳಿಂದಲೂ ಭಾಗಿಸಿ. ಜಲಜೀವನ್ ಮಿಷನ್‌ನ ಪ್ರಮಾಣ ತಲೆಗೆ ದಿನಕ್ಕೆ 55 ಲೀಟರ್. ಐದು ಜನರ 60 ಮನೆಯ ಕಾಲೋನಿಗೆ ಅದು ದಿನಕ್ಕೆ 16,500 ಲೀಟರ್ ಆಗುತ್ತದೆ.

ಪ್ರೆಶರ್ ನೆಪವೋ ನಿಜವೋ ಇದರಿಂದಲೇ ಗೊತ್ತಾಗುತ್ತದೆ. ಪ್ರೆಶರ್ ಕಡಿಮೆಯಿದ್ದರೆ ಬಕೆಟ್ ತುಂಬಲು ಹೆಚ್ಚು ಹೊತ್ತು ಬೇಕು, ಆದರೆ ನೀರು ಬರುವ ದಿನಗಳ ಸಂಖ್ಯೆ ಊರಿನಷ್ಟೇ ಇರಬೇಕು. ದಿನಗಳೇ ಕಡಿಮೆಯಿದ್ದರೆ ಅದು ಬಹುತೇಕ ಪ್ರೆಶರ್ ಅಲ್ಲ, ವಾಲ್ವ್ ತಿರುಗಿಸುವ ಕೈ. ಊರಿನ ಕಡೆಯ ಕೊನೆಯ ಮನೆಗೂ ನೀರು ಸರಿಯಾಗಿ ಬರುತ್ತಿದ್ದರೆ "ಕೊನೆಯಲ್ಲಿದೆ" ಎಂಬ ಉತ್ತರ ಇನ್ನಷ್ಟು ಸಡಿಲವಾಗುತ್ತದೆ. ನೀರಗಂಟಿಯನ್ನು ಬೈಯಬೇಡಿ. ಯಾವ ವಾಲ್ವ್ ಯಾವಾಗ ತೆರೆಯಬೇಕೆಂದು ಹೇಳಿದವರು ಯಾರು ಎಂದು ವಿಚಾರಿಸಿ.

ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿ. ಶುಲ್ಕ 10 ರೂಪಾಯಿ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ಇದನ್ನು ಮರೆತು ಉದ್ದ ಬರೆದರೆ ಅರ್ಜಿ ತಿರಸ್ಕರಿಸಲು ಅವರಿಗೆ ನೀವೇ ಕಾರಣ ಕೊಟ್ಟಂತೆ. ಆದ್ದರಿಂದ ಬೇರೆ ಬೇರೆ ಅರ್ಜಿ: ಒಂದರಲ್ಲಿ ನೀರು ಬಿಡುವ ವೇಳಾಪಟ್ಟಿ ಮತ್ತು ಪೈಪ್‌ಲೈನ್ ನಕ್ಷೆ, ಇನ್ನೊಂದರಲ್ಲಿ ಕಳೆದ ಮೂರು ವರ್ಷ ಪರಿಶಿಷ್ಟರಿಗಾಗಿ ಮೀಸಲಿಟ್ಟ ಶೇ 25ರ ಅನುದಾನದ ಕಾಮಗಾರಿವಾರು ಖರ್ಚು, ಮತ್ತೊಂದರಲ್ಲಿ ಕಾಲೋನಿಯ ನೀರಿನ ಬಗ್ಗೆ ಬಂದ ಅರ್ಜಿಗಳು ಮತ್ತು ಅವುಗಳ ಮೇಲೆ ಕೈಗೊಂಡ ಕ್ರಮ. 30 ದಿನದಲ್ಲಿ ಉತ್ತರ ಬರಬೇಕು, ಬರದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. ಶೇ 25ರ ಹಣ ಯಾವ ಬೀದಿಯ ಯಾವ ಕಾಮಗಾರಿಗೆ ಹೋಗಿದೆ ಎಂದು ಜಾಗಕ್ಕೇ ಹೋಗಿ ನೋಡಿ. ಅದು ಊರಿನೊಳಗಿನ ಚರಂಡಿಗೆ ಹೋಗಿರುವುದು ಸಿಕ್ಕರೆ ನಿಮ್ಮ ಅರ್ಜಿಯ ತೂಕವೇ ಬದಲಾಗುತ್ತದೆ.

ಅಳತೆಯ ಪಟ್ಟಿ ಮತ್ತು ಈ ದಾಖಲೆಗಳೊಂದಿಗೆ ಜಿಲ್ಲಾ ಪಂಚಾಯಿತಿ ಸಿಇಒಗೆ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಗ್ರಾಮಸಭೆಯಲ್ಲಿ ವಿಷಯ ಎತ್ತಿ, ನಡಾವಳಿ ಪುಸ್ತಕದಲ್ಲಿ ಬರೆಸಿ. ಲೋಕಾಯುಕ್ತಕ್ಕೆ ನಮೂನೆ 1 ಮತ್ತು 2ರಲ್ಲಿ ಅಫಿಡವಿಟ್ ಸಹಿತ ದೂರು ಕೊಡಬಹುದು. ಇದ್ಯಾವುದಕ್ಕೂ ಕದಲದಿದ್ದರೆ 226ನೇ ವಿಧಿಯಡಿ ಹೈಕೋರ್ಟ್‌ನಲ್ಲಿ ರಿಟ್. ನಿಮ್ಮ ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ. ಕೋರ್ಟ್ ಮೊದಲು ಕೇಳುವುದೇ "ಅಧಿಕಾರಿಗಳಿಗೆ ಮನವಿ ಕೊಟ್ಟಿದ್ದೀರಾ" ಎಂದು. ಆ ಸ್ವೀಕೃತಿ ಪ್ರತಿ ಅದಕ್ಕೇ ಬೇಕು.

ನೀರನ್ನು ಬೇಕೆಂದೇ ತಡೆಯುತ್ತಿದ್ದಾರೆ ಎಂಬುದಕ್ಕೆ ಸಾಕ್ಷಿ ಸಿಕ್ಕರೆ ದಾರಿ ಬದಲಾಗುತ್ತದೆ. ಕೊಳವೆ ನೀರು, ಬಾವಿ, ಕೆರೆ, ಸ್ಮಶಾನ ಎಲ್ಲವೂ 3(1)(ಝಡ್‌ಎ)(ಎ)ನಲ್ಲಿವೆ. ಅಂಥ ಅಪರಾಧ ಮಾಡಿದವರು ಸರ್ಕಾರಿ ನೌಕರರಾದರೆ ಕಲಂ 3(2)(7)ರಂತೆ ಕನಿಷ್ಠ ಶಿಕ್ಷೆ 1 ವರ್ಷಕ್ಕೆ ಏರುತ್ತದೆ. ಆದರೆ ಸಾಕ್ಷಿ ಸಿಗುವ ಮುನ್ನ ಆ ಮಾತು ಬಳಸಬೇಡಿ.

---

ಬಯಲುಸೀಮೆ ಓದುಗ

ಎಲ್ಲರಿಗೂ ಧನ್ಯವಾದ. ಎರಡು ಅನುಮಾನ ಉಳಿದಿವೆ. ಅಂಗಡಿಯವರು ಬಡವರು, ಊರಿನ ದೊಡ್ಡವರ ಮಾತು ಮೀರಲಾರರು. ಅವರನ್ನು ಮಾತ್ರ ಜೈಲಿಗೆ ಕಳಿಸಿದಂತೆ ಆಗಬಾರದು ಎಂದು ಕಾಲೋನಿಯ ಹಿರಿಯರು ಹೇಳುತ್ತಿದ್ದಾರೆ. ಕೇಸ್ ಹಾಕಿದರೆ ಹೊಲದ ಕೂಲಿ, ಕಿರಾಣಿ ಅಂಗಡಿ ಎಲ್ಲ ಬಂದ್ ಮಾಡಿಯಾರು ಎಂಬ ಭಯವೂ ಇದೆ.

---

ಕಟಕಟೆ

ಹಿರಿಯರ ಮಾತು ಸರಿಯಾದದ್ದು, ಕಾನೂನೂ ಅದಕ್ಕೆ ಜಾಗ ಕೊಟ್ಟಿದೆ. (ಝಡ್‌ಎ) ಕಲಂನಲ್ಲಿ ಇರುವುದು "ಯಾವುದೇ ರೀತಿಯಲ್ಲಿ ತಡೆಯುವುದು". ಕತ್ತರಿ ಹಿಡಿದವನಷ್ಟೇ ಅಲ್ಲ, ಮಾಡಬೇಡ ಎಂದು ಹೇಳಿದವನೂ ತಡೆದವನೇ. ತೀರ್ಮಾನ ಎಲ್ಲಿ, ಯಾವಾಗ, ಯಾರ ಮುಂದೆ ಆಯಿತು ಎಂದು ಕೇಳಿ ಬರೆಯಿರಿ. ಡಂಗುರ ಸಾರಿದ್ದರೆ ಸಾರಿದವನ ಹೇಳಿಕೆ, ವಾಟ್ಸ್‌ಆ್ಯಪ್ ಗುಂಪಿನಲ್ಲಿ ಹಾಕಿದ್ದರೆ ಆ ಸಂದೇಶ. ಅಂಗಡಿಯವರು ಒತ್ತಡದ ಬಗ್ಗೆ ಮ್ಯಾಜಿಸ್ಟ್ರೇಟ್ ಮುಂದೆ ಹೇಳಿಕೆ ಕೊಡಲು ಒಪ್ಪಿದರೆ ಪ್ರಕರಣದ ದಿಕ್ಕೇ ಬದಲಾಗುತ್ತದೆ. ಯಾರನ್ನು ಸಾಕ್ಷಿಯಾಗಿಸಬೇಕು, ಯಾರನ್ನು ಆರೋಪಿಯಾಗಿಸಬೇಕು ಎಂಬುದು ತನಿಖಾಧಿಕಾರಿಯ ತೀರ್ಮಾನ. ಒತ್ತಡ ಹಾಕಿದವರ ಹೆಸರು ದೂರಿನಲ್ಲೇ ಇಲ್ಲದಿದ್ದರೆ ಆ ತೀರ್ಮಾನಕ್ಕೆ ಅವಕಾಶವೇ ಇರುವುದಿಲ್ಲ.

ಕೂಲಿ, ಕಿರಾಣಿ ಬಂದ್ ಮಾಡುವುದು 3(1)(ಝಡ್‌ಸಿ): ಸಾಮಾಜಿಕ ಅಥವಾ ಆರ್ಥಿಕ ಬಹಿಷ್ಕಾರ ಹಾಕುವುದು ಮಾತ್ರವಲ್ಲ, ಹಾಕುತ್ತೇವೆಂದು ಬೆದರಿಸುವುದೂ ಅಪರಾಧ. ಹಾಗೇನಾದರೂ ಶುರುವಾದರೆ ಅದೇ ದಿನ ಹೊಸ ದೂರು ಕೊಡಿ, ಹಳೆಯ ಎಫ್‌ಐಆರ್‌ಗೆ ಜೋಡಿಸಲು ಕಾಯಬೇಡಿ. ಮೊದಲೇ ಭಯವಿದ್ದರೆ ಎಫ್‌ಐಆರ್ ದಿನವೇ ತಹಶೀಲ್ದಾರ್ ಮತ್ತು ಜಿಲ್ಲಾಧಿಕಾರಿಗೆ ರಕ್ಷಣೆ ಕೋರಿ ಅರ್ಜಿ ಕೊಡಿ. ಪಡಿತರ, ಉದ್ಯೋಗ ಖಾತ್ರಿ ಕೆಲಸ ನಿಲ್ಲದಂತೆ ನೋಡಿಕೊಳ್ಳಲು ಅದರಲ್ಲೇ ಕೇಳಿ.

ಈ ಭಯ ಬರೀ ಊಹೆಯಲ್ಲ. ಕೊಪ್ಪಳ ಜಿಲ್ಲೆಯ ಮರಕುಂಬಿಯಲ್ಲಿ ಕ್ಷೌರದಂಗಡಿ, ಹೋಟೆಲ್ ಪ್ರವೇಶದ ತಕರಾರಿನ ಹಿನ್ನೆಲೆಯಲ್ಲೇ 2014ರಲ್ಲಿ ದಲಿತರ ಗುಡಿಸಲುಗಳಿಗೆ ಬೆಂಕಿ ಬಿತ್ತು. 2024ರ ಅಕ್ಟೋಬರ್‌ನಲ್ಲಿ ಕೊಪ್ಪಳದ ನ್ಯಾಯಾಲಯ 98 ಮಂದಿಗೆ ಜೀವಾವಧಿ ಶಿಕ್ಷೆ ಕೊಟ್ಟಿತು. ತೀರ್ಪಿಗೆ ಹತ್ತು ವರ್ಷ. ಸಾಧ್ಯವಾದ ಮಟ್ಟಿಗೆ ಚಾರ್ಜ್‌ಶೀಟ್ ಆದ ಎರಡು ತಿಂಗಳಲ್ಲಿ ವಿಚಾರಣೆ ಮುಗಿಸಬೇಕು ಎಂದು ಇಂದಿನ ಕಲಂ 14 ಹೇಳುತ್ತದೆ, ಆದರೆ ನಡೆಯುವುದು ಹೀಗೆ. ಹಾಗಾಗಿ ಬಹಳ ಕಾಲ ಕಾಯುವ ಸಿದ್ಧತೆ ಮಾಡಿಕೊಂಡೇ ಹೊರಡಿ.

---

ಮಲ್ಲೇಶ್ವರಂ ಬಾಡಿಗೆದಾರ

ಮಧ್ಯೆ ಬಂದದ್ದಕ್ಕೆ ಕ್ಷಮಿಸಿ. ನಗರದಲ್ಲಿ ಜಾತಿ ಕೇಳಿ ಮನೆ ಬಾಡಿಗೆಗೆ ಕೊಡದಿದ್ದರೆ ಇದೇ ಕಾನೂನು ಅನ್ವಯವಾಗುತ್ತದೆಯೇ? ಧರ್ಮದ ಕಾರಣಕ್ಕೆ ಕೊಡದಿದ್ದರೆ?

---

ಠಾಣೆ ಮೆಟ್ಟಿಲು

ಪರಿಶಿಷ್ಟ ಜಾತಿಯವರಿಗೆ ಅಸ್ಪೃಶ್ಯತೆಯ ಕಾರಣಕ್ಕೆ ನಿರಾಕರಿಸಿದರೆ 1955ರ ಕಾಯ್ದೆಯ ಕಲಂ 4ರಲ್ಲಿ ವಾಸದ ಮನೆಯ ವಿಷಯ ಸ್ಪಷ್ಟವಾಗಿದೆ. ಧರ್ಮ ಅಥವಾ ಊಟದ ಕಾರಣಕ್ಕೆ ಖಾಸಗಿ ಮಾಲೀಕ ನಿರಾಕರಿಸಿದರೆ ನೇರವಾಗಿ ಹಿಡಿಯುವ ಸಾಮಾನ್ಯ ಕಾಯ್ದೆ ನಮ್ಮಲ್ಲಿಲ್ಲ. 15(2)ನೇ ವಿಧಿ ಅಂಗಡಿ, ಹೋಟೆಲ್, ಬಾವಿ, ರಸ್ತೆ ಇತ್ಯಾದಿಯನ್ನು ಹೆಸರಿಸುತ್ತದೆ, ಮನೆಯನ್ನಲ್ಲ. ಒಂದೇ ಸಮುದಾಯಕ್ಕೆ ಸದಸ್ಯತ್ವ ಸೀಮಿತಗೊಳಿಸಿದ ವಸತಿ ಸಹಕಾರ ಸಂಘದ ಬೈಲಾವನ್ನು 2005ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿದೂ ಇದೆ. ಇದು ಕಾನೂನಿನ ದೊಡ್ಡ ಕೊರತೆ, ಮುಚ್ಚಲೇಬೇಕಾದದ್ದು. ಇದಕ್ಕೆ ಬೇರೆ ಎಳೆ ತೆರೆಯಿರಿ, ವಿವರವಾಗಿ ಮಾತಾಡೋಣ.

---

ಸಾಕ್ಷಿ ಪೆಟ್ಟಿಗೆ

ಎಫ್‌ಐಆರ್ ಆದ ಮೇಲಿನ ಹಂತವನ್ನು ಯಾರೂ ಮುಟ್ಟಿಲ್ಲವಾದ್ದರಿಂದ ಬರೆಯುತ್ತಿದ್ದೇನೆ.

ಮರುದಿನವೇ ಬಂಧನವಾಗುತ್ತದೆ ಎಂದು ಕಾಲೋನಿಯವರಿಗೆ ಭರವಸೆ ಕೊಡಬೇಡಿ. ದೌರ್ಜನ್ಯ ತಡೆ ಕಾಯ್ದೆಯ ಕಲಂ 18ರಂತೆ ನಿರೀಕ್ಷಣಾ ಜಾಮೀನು ಇಲ್ಲ. ಆದರೆ ದೂರಿನಲ್ಲಿ ಮೇಲ್ನೋಟಕ್ಕೇ ಅಪರಾಧ ಕಾಣದಿದ್ದರೆ ಕೊಡಬಹುದು ಎಂದು 2024ರ ಆಗಸ್ಟ್‌ನಲ್ಲಿ ಶಾಜನ್ ಸ್ಕರಿಯಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅಸ್ಪಷ್ಟ ದೂರಿನ ಬೆಲೆ ಇಲ್ಲಿ ತೆರಬೇಕಾಗುತ್ತದೆ. 7 ವರ್ಷದೊಳಗಿನ ಶಿಕ್ಷೆಯಾದ್ದರಿಂದ ಎಷ್ಟೋ ಸಲ ಪೊಲೀಸರು ಹಾಜರಾಗಲು ನೋಟಿಸ್ ಕೊಟ್ಟು ಬಿಡುತ್ತಾರೆ. ಬಂಧನವಾಗಲಿಲ್ಲ ಎಂದರೆ ಕೇಸ್ ಬಿದ್ದುಹೋಯಿತು ಎಂದಲ್ಲ.

ಜಾಮೀನು ಅರ್ಜಿ ಬಂದಾಗ ಸಂತ್ರಸ್ತರಿಗೆ ನೋಟಿಸ್ ಕೊಡಬೇಕು, ಅವರ ಮಾತು ಕೇಳಬೇಕು: ಕಲಂ 15ಎ(3) ಮತ್ತು (5). ಇದು ಕಡ್ಡಾಯ ಎಂದು 2021ರಲ್ಲಿ ಹರಿರಾಮ್ ಭಾಂಭಿ ಪ್ರಕರಣದಲ್ಲಿ ತೀರ್ಮಾನವಾಗಿದೆ. ನೋಟಿಸ್ ಇಲ್ಲದೆ ಜಾಮೀನು ಆಗಿದ್ದರೆ ಕಲಂ 14ಎ ಅಡಿ ಹೈಕೋರ್ಟ್‌ಗೆ ಮೇಲ್ಮನವಿ, 90 ದಿನದೊಳಗೆ. ವಕೀಲರಿಗೆ ಹಣವಿಲ್ಲವೆಂದು ಬಿಡಬೇಡಿ. ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ನೆರವು ಕೊಡಬೇಕೆಂದು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಕಲಂ 12 ಹೇಳುತ್ತದೆ. ತಾಲ್ಲೂಕು ನ್ಯಾಯಾಲಯದ ಆವರಣದಲ್ಲೇ ಸಮಿತಿ ಇರುತ್ತದೆ, ದೂರವಾಣಿ 15100.

ಪರಿಹಾರ ಧನ ಶಿಕ್ಷೆಯಾದ ಮೇಲೆ ಬರುವಂಥದ್ದಲ್ಲ, ಹಂತಹಂತವಾಗಿ ಬರುತ್ತದೆ. 1995ರ ನಿಯಮಗಳಿಗೆ 2016ರಲ್ಲಿ ಸೇರಿಸಿದ ಪರಿಹಾರ ಪಟ್ಟಿಯಲ್ಲಿ ಜಾತಿ ನಿಂದನೆಗೆ 1 ಲಕ್ಷ ರೂಪಾಯಿ: ಎಫ್‌ಐಆರ್ ಹಂತದಲ್ಲಿ ಶೇ 25, ಚಾರ್ಜ್‌ಶೀಟ್ ಹಂತದಲ್ಲಿ ಶೇ 50, ಶಿಕ್ಷೆಯಾದಾಗ ಶೇ 25. ಪ್ರವೇಶ, ನೀರು ತಡೆದ ಪ್ರಕರಣಗಳಲ್ಲಿ ಹಣದ ಜೊತೆಗೆ ಆ ಹಕ್ಕನ್ನು ಮರಳಿ ದೊರಕಿಸಿಕೊಡುವುದೂ ಸರ್ಕಾರದ ಹೊಣೆ. ಅರ್ಜಿಯಲ್ಲಿ ಇದನ್ನೇ ಮೊದಲು ಕೇಳಿ. ಎಷ್ಟೋ ಊರುಗಳಲ್ಲಿ ಹಣ ಬಂದಿರುತ್ತದೆ, ಅಂಗಡಿಯ ಬಾಗಿಲು ಮಾತ್ರ ತೆರೆದಿರುವುದಿಲ್ಲ. ಸಮಾಜ ಕಲ್ಯಾಣ ಇಲಾಖೆಯ ತಾಲ್ಲೂಕು ಕಚೇರಿಗೆ ಎಫ್‌ಐಆರ್, ಜಾತಿ ಪ್ರಮಾಣಪತ್ರ, ಆಧಾರ್, ಬ್ಯಾಂಕ್ ಪಾಸ್‌ಬುಕ್ ಪ್ರತಿ ಕೊಡಿ.

ವಿಡಿಯೊ ಇದ್ದರೆ ಮೂಲ ಫೋನನ್ನು ಮಾರಬೇಡಿ, ರೀಸೆಟ್ ಮಾಡಬೇಡಿ. ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದ ಪ್ರತಿ ಕುಗ್ಗಿರುತ್ತದೆ, ಮೂಲ ಕಡತದ ವಿವರವೂ ಉಳಿಯುವುದಿಲ್ಲ. ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63ರ ಪ್ರಮಾಣಪತ್ರ ಇಲ್ಲದೆ ಪ್ರತಿ ನ್ಯಾಯಾಲಯದಲ್ಲಿ ನಿಲ್ಲುವುದು ಕಷ್ಟ. ಅದರಲ್ಲಿ ಎರಡು ಭಾಗ: ಒಂದು ಫೋನಿನ ಮಾಲೀಕನ ಸಹಿಗೆ, ಇನ್ನೊಂದು ತಜ್ಞರ ಸಹಿಗೆ. ಕಡತದ ಹ್ಯಾಶ್ ಸಂಖ್ಯೆಯನ್ನೂ (ಕಡತ ಬದಲಾಗಿಲ್ಲ ಎಂದು ತೋರಿಸುವ ಡಿಜಿಟಲ್ ಗುರುತು) ಬರೆಯಬೇಕು.

ಸಾಕ್ಷಿಗಳು ತಿರುಗಿ ಬೀಳುವುದು ಬೆದರಿಕೆಯಿಂದ ಮಾತ್ರವಲ್ಲ. ಎರಡು ವರ್ಷ ಕಳೆದ ಮೇಲೆ, ದಿನದ ಕೂಲಿ ಬಿಟ್ಟು, ಜಿಲ್ಲಾ ಕೇಂದ್ರಕ್ಕೆ ಮೂರು ಸಲ ಹೋಗಿ, ಮೂರೂ ಸಲ ವಾಯಿದೆ ಆದರೆ ಯಾರೇ ಆದರೂ ಬೇಸರಪಡುತ್ತಾರೆ. 1995ರ ನಿಯಮಗಳ 11ನೇ ನಿಯಮದಂತೆ ಸಂತ್ರಸ್ತರಿಗೂ ಸಾಕ್ಷಿಗಳಿಗೂ ಪ್ರಯಾಣ ವೆಚ್ಚ ಮತ್ತು ಕನಿಷ್ಠ ಕೂಲಿಗೆ ಕಡಿಮೆಯಿಲ್ಲದ ಭತ್ಯೆ ಸಿಗಬೇಕು. ಕೇಳದೆ ಯಾರೂ ಕೊಡುವುದಿಲ್ಲ. ಪ್ರತಿ ಹಾಜರಿಗೂ ಬಸ್ ಟಿಕೆಟ್ ಇಟ್ಟುಕೊಂಡು ಲಿಖಿತವಾಗಿ ಕೇಳಿ. ಮುಖ್ಯ ಸಾಕ್ಷಿಗಳ ಹೇಳಿಕೆಯನ್ನು ಆರಂಭದಲ್ಲೇ ಮ್ಯಾಜಿಸ್ಟ್ರೇಟ್ ಮುಂದೆ ದಾಖಲಿಸಲು ತನಿಖಾಧಿಕಾರಿಗೆ ಅರ್ಜಿ ಕೊಡಿ.

ಕೊನೆಯದಾಗಿ, ಜಿಲ್ಲಾಧಿಕಾರಿ ಅಧ್ಯಕ್ಷತೆಯ ಜಾಗೃತಿ ಮತ್ತು ಉಸ್ತುವಾರಿ ಸಮಿತಿ (ನಿಯಮ 17) ಮೂರು ತಿಂಗಳಿಗೊಮ್ಮೆಯಾದರೂ ಸೇರಲೇಬೇಕು. ಮುಂದಿನ ಸಭೆಯ ದಿನಾಂಕವನ್ನು ಸಮಾಜ ಕಲ್ಯಾಣ ಇಲಾಖೆಯಲ್ಲಿ ಕೇಳಿಕೊಂಡು, ಸಮಿತಿಯ ಅಧಿಕಾರೇತರ ಸದಸ್ಯರೊಬ್ಬರ ಮೂಲಕ ನಿಮ್ಮ ಪ್ರಕರಣವನ್ನು ಕಾರ್ಯಸೂಚಿಗೆ ಸೇರಿಸಿ. ಎಸ್‌ಪಿಯೂ ಜಿಲ್ಲಾ ಪಂಚಾಯಿತಿ ಸಿಇಒ ಅವರೂ ಬರುವ ಸಭೆಗಳಲ್ಲಿ ಠಾಣೆಯ ವಿಳಂಬವನ್ನೂ ಕಾಲೋನಿಯ ನೀರನ್ನೂ ಒಟ್ಟಿಗೆ ಕೇಳಬಹುದು. ಅಷ್ಟರೊಳಗೆ ಜಮಾಬಂದಿಯವರು ಹೇಳಿದ ಒಂದು ತಿಂಗಳ ಅಳತೆ ಪಟ್ಟಿ ಸಿದ್ಧವಿರಲಿ. ಹತ್ತು ಪ್ರತಿ ಮಾಡಿಸಿಕೊಂಡು ಹೋಗಿ.